ರೆಂಬ್ರಾಂಟ್ ಬೆಳೆದ ಲೈಡನ್: ಮನೆಯೇ ಉಳಿಯದ ಊರಿನಲ್ಲಿ ಒಂದು ದಿನದ ಕಾಲ್ನಡಿಗೆ

ಮೊದಲೇ ಹೇಳಿಬಿಡುತ್ತೇನೆ. ಹದಿನೇಳನೇ ಶತಮಾನದ ಡಚ್ ಚಿತ್ರಕಾರ ರೆಂಬ್ರಾಂಟ್ ಹುಟ್ಟಿದ ಮನೆ ನೆದರ್ಲೆಂಡ್ಸಿನ ಲೈಡನ್ನಿನಲ್ಲಿ ಈಗ ಇಲ್ಲ. ಅವನ ಅಪ್ಪನ ಗಿರಣಿಯೂ ಇಲ್ಲ. ಊರಿನ ಮ್ಯೂಸಿಯಂನಲ್ಲಿ ಅವನು ಬರೆದ ವರ್ಣಚಿತ್ರಗಳು ಬೆರಳಲ್ಲಿ ಎಣಿಸುವಷ್ಟು. ಇದು ಗೊತ್ತಿಲ್ಲದೆ ಬಂದವರು ಅರ್ಧ ದಿನ ಸುತ್ತಿ, ಕಾಲುವೆಯ ದಂಡೆಯಲ್ಲಿ ನಾಲ್ಕು ಫೋಟೊ ತೆಗೆಸಿಕೊಂಡು, ಆಮ್‌ಸ್ಟರ್‌ಡ್ಯಾಮಿಗೆ ಮರಳಿ ‘ಅಲ್ಲೇನೂ ಇಲ್ಲ’ ಎಂದುಬಿಡುತ್ತಾರೆ.

ಆದರೂ ಊರಿನಿಂದ ಯಾರೇ ಬರಲಿ, ನಾನು ಅವರನ್ನು ಮೊದಲು ಕರೆದುಕೊಂಡು ಹೋಗುವುದು ಲೈಡನ್ನಿಗೇ. 1606ರ ಜುಲೈ 15ರಂದು ಇಲ್ಲಿ ಹುಟ್ಟಿದ ಹುಡುಗ ಇಪ್ಪತ್ತೈದರ ಹೊತ್ತಿಗೆ ಗಂಟುಮೂಟೆ ಕಟ್ಟುವವರೆಗೂ, ನಡುವಿನ ಆರು ತಿಂಗಳು ಬಿಟ್ಟರೆ, ಇದೇ ಊರಿನಲ್ಲಿ ಇದ್ದ. ಅವನು ಓದಿದ ಶಾಲೆ, ಹೆಸರು ಹಚ್ಚಿದ ವಿಶ್ವವಿದ್ಯಾಲಯ, ಕೆಲಸ ಕಲಿತ ಗುರುವಿನ ಮನೆ, ಅಪ್ಪ ಅಮ್ಮನನ್ನು ಮಣ್ಣು ಮಾಡಿದ ಚರ್ಚು, ಎಲ್ಲವೂ ಒಂದಕ್ಕೊಂದು ಕೂಗಳತೆಯಲ್ಲಿವೆ.

ಕಷ್ಟವೆಂದರೆ ಅವುಗಳ ನಡುವೆ ಅವನು ಕಣ್ಣಿಂದ ಕಾಣದ ಚೆಂದದ ಹಳೆಯ ಕಟ್ಟಡಗಳೂ ಬೇಕಾದಷ್ಟಿವೆ. ಮೊದಲ ಸಲ ನನ್ನ ಸೋದರಮಾವನನ್ನು ಕರೆದುಕೊಂಡು ಹೋದಾಗ ಮೋರ್ಸ್‌ಪೋರ್ಟ್ ಎಂಬ ಗುಮ್ಮಟದ ಊರಬಾಗಿಲಿನ ಕೆಳಗೆ ನಿಂತು, ‘ನೋಡಿ ಮಾವ, ಪುಟ್ಟ ರೆಂಬ್ರಾಂಟ್ ಇದೇ ಬಾಗಿಲಲ್ಲಿ ಆಡುತ್ತಿದ್ದ’ ಎಂದು ಭಾಷಣ ಬಿಗಿದಿದ್ದೆ. ಮಾವ ನಿವೃತ್ತ ಮೇಷ್ಟರು. ಮೊಬೈಲಿನಲ್ಲಿ ಹುಡುಕಿ, ‘ಇದನ್ನು ಕಟ್ಟಿದ್ದು 1669ರಲ್ಲಂತೆ. ಅವನು ಸತ್ತದ್ದೂ ಅದೇ ವರ್ಷ ಅಲ್ಲವೇನಪ್ಪ?’ ಎಂದರು. ಅಂದಿನಿಂದ ನನ್ನ ನಡಿಗೆಗೆ ಒಂದೇ ನಿಯಮ. ಪ್ರತಿ ಕಟ್ಟಡದ ಮುಂದೆ ನಿಂತಾಗಲೂ ‘ಇದನ್ನು ಅವನು ನೋಡಿದ್ದನೇ?’ ಎಂದು ಕೇಳಿಕೊಳ್ಳಬೇಕು. ಈ ಮಾರ್ಗದರ್ಶಿಯೂ ಅದೇ ನಿಯಮದಂತೆ ಹೋಗುತ್ತದೆ. ನೀವೊಬ್ಬರೇ ನಡೆಯುವುದಾದರೂ ಸರಿ, ನಾಲ್ಕು ಜನರನ್ನು ಕರೆದೊಯ್ಯುವುದಾದರೂ ಸರಿ.

ಹೊರಡುವ ಮುನ್ನ

ಒಟ್ಟು ದಾರಿ ನಾಲ್ಕು ಕಿಲೋಮೀಟರಿನ ಆಸುಪಾಸು. ನಡಿಗೆಗೆ ಮೂರು ತಾಸು, ಮ್ಯೂಸಿಯಂಗೆ ಎರಡು ತಾಸು, ಹೊಟ್ಟೆಗೊಂದು ತಾಸು. ಬೆಳಿಗ್ಗೆ ಹತ್ತಕ್ಕೆ ಶುರು ಮಾಡಿದರೆ ಅವಸರವಿಲ್ಲ. ಸೋಮವಾರ ಮ್ಯೂಸಿಯಂ ಮುಚ್ಚಿರುತ್ತದೆ, ಬೇಡ. ಬುಧವಾರ ಮತ್ತು ಶನಿವಾರ ಕಾಲುವೆಯ ದಂಡೆಯಲ್ಲಿ ಸಂತೆ ನೆರೆಯುವುದರಿಂದ ಆ ಎರಡು ದಿನಗಳೇ ಒಳ್ಳೆಯವು. ಅಕ್ಟೋಬರ್ 3 ಊರಹಬ್ಬ. 1574ರಲ್ಲಿ ಸ್ಪೇನಿನ ಮುತ್ತಿಗೆ ಮುರಿದ ದಿನ ಅದು. ಜಾತ್ರೆ ನೋಡುವ ಆಸೆಯಿದ್ದರೆ ಅಂದೇ ಬನ್ನಿ, ರೆಂಬ್ರಾಂಟನನ್ನು ನೋಡಬೇಕೆಂದಿದ್ದರೆ ಅಂದು ಮಾತ್ರ ಬರಬೇಡಿ.

ಸ್ಕಿಪೋಲ್ ವಿಮಾನ ನಿಲ್ದಾಣದಿಂದ ರೈಲಿನಲ್ಲಿ ಇಪ್ಪತ್ತು ನಿಮಿಷದೊಳಗೆ ಲೈಡನ್ ಸಿಗುತ್ತದೆ, ಆಮ್‌ಸ್ಟರ್‌ಡ್ಯಾಮಿನಿಂದ ಸುಮಾರು ಮೂವತ್ತೈದು ನಿಮಿಷ. ಬ್ಯಾಂಕ್ ಕಾರ್ಡನ್ನೇ ಗೇಟಿಗೆ ಮುಟ್ಟಿಸಿ ಹತ್ತಬಹುದು. ಇಳಿದ ಮೇಲೂ ಮುಟ್ಟಿಸಲು ಮರೆಯಬೇಡಿ, ಮರೆತರೆ ದಂಡ ತೆತ್ತಂತೆಯೇ. ಬೀದಿಗಳೆಲ್ಲ ಇಟ್ಟಿಗೆ, ಗುಂಡುಕಲ್ಲು. ಹಿಮ್ಮಡಿ ಎತ್ತರದ ಚಪ್ಪಲಿ ಹಾಕಿ ಬಂದವರನ್ನು ಮಧ್ಯಾಹ್ನದ ಹೊತ್ತಿಗೆ ನಾವೇ ಸಮಾಧಾನ ಮಾಡಬೇಕಾಗುತ್ತದೆ. ಛತ್ರಿಗಿಂತ ಟೊಪ್ಪಿಗೆಯಿರುವ ರೇನ್‌ಕೋಟ್ ವಾಸಿ, ಇಲ್ಲಿನ ಗಾಳಿ ಛತ್ರಿಯನ್ನು ಬದುಕಗೊಡುವುದಿಲ್ಲ. ಕೆಂಪು ಬಣ್ಣದ ದಾರಿ ಸೈಕಲ್ಲಿನದು. ಅಲ್ಲಿ ನಿಂತು ಕಥೆ ಹೇಳಬೇಡಿ.

ಇನ್ನೊಂದು ತಯಾರಿ ಇದೆ. ಇದನ್ನು ನಾನು ಬಹಳ ತಡವಾಗಿ ಕಲಿತೆ. ಆಮ್‌ಸ್ಟರ್‌ಡ್ಯಾಮಿನ ರೈಕ್ಸ್ ಮ್ಯೂಸಿಯಂ ತನ್ನ ಸಂಗ್ರಹದ ಚಿತ್ರಗಳನ್ನು ಜಾಲತಾಣದಲ್ಲಿ ಉಚಿತವಾಗಿ ಕೊಡುತ್ತದೆ. ಅಲ್ಲಿಂದ 1630ರ ಒಂದು ಎಚಿಂಗ್ (ತಾಮ್ರದ ತಗಡಿನಲ್ಲಿ ಗೆರೆ ಕೊರೆದು ಕಾಗದಕ್ಕೆ ಅಚ್ಚೊತ್ತಿದ ಚಿತ್ರ) ಇಳಿಸಿಕೊಳ್ಳಿ. ಟೋಪಿ ಹಾಕಿಕೊಂಡ ರೆಂಬ್ರಾಂಟ್ ಕಣ್ಣರಳಿಸಿ, ಬಾಯಿ ತುಸು ತೆರೆದು, ಯಾರೋ ಬೆನ್ನ ಹಿಂದಿನಿಂದ ಕೂಗಿದಂತೆ ತಿರುಗಿ ನೋಡುತ್ತಿದ್ದಾನೆ. ಅದನ್ನು ಅಸಲಿ ಅಳತೆಯಲ್ಲೇ ಮುದ್ರಿಸಿ: 5.1 ಸೆಂಟಿಮೀಟರ್ ಎತ್ತರ, 4.6 ಸೆಂಟಿಮೀಟರ್ ಅಗಲ. ಪುಸ್ತಕಗಳಲ್ಲಿ ಪುಟದ ತುಂಬ ಕಾಣುವ ಆ ಮುಖ ನಿಜದಲ್ಲಿ ಬೆಂಕಿಪೊಟ್ಟಣದ ಮೇಲೆ ಹೆಚ್ಚು ಕಡಿಮೆ ಕೂರುವಷ್ಟು. ಕನ್ನಡಿಯ ಮುಂದೆ ಕೂತು, ತನ್ನದೇ ಮುಖವನ್ನು ಸೊಟ್ಟ ಮಾಡಿ, ಹೆದರಿ, ನಕ್ಕು, ಗದರಿ ತಾಮ್ರದ ತಗಡಿನ ಮೇಲೆ ಗೀಚಿಕೊಂಡ ಇಂಥವು ಹಲವಿವೆ. ಜೇಬಿನಲ್ಲಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಹೆಜ್ಜೆ 1: ನಿಲ್ದಾಣದಿಂದ ಗಿರಣಿಯ ಕಡೆಗೆ

ಲೈಡನ್ ಸೆಂಟ್ರಾಲ್‌ನಿಂದ ಊರೊಳಗೆ ಹೋಗುವ ರಸ್ತೆ ಹಿಡಿದರೆ ಎಡಕ್ಕೆ ಎತ್ತರದ ಡೆ ಫಾಲ್ಕ್ ಗಾಳಿಗಿರಣಿ ಕಾಣುತ್ತದೆ. ಎಲ್ಲರ ಕ್ಯಾಮೆರಾ ಅತ್ತ ತಿರುಗುತ್ತದೆ. ಅದು 1743ರದು, ಅವನು ನೋಡಿದ್ದಲ್ಲ. ಬಲಕ್ಕೆ ಹೊರಳಿ ಮೋರ್ಸ್‌ಪೋರ್ಟ್ ದಾಟಿ (ಮಾವನ ಮಾತು ನೆನಪಿರಲಿ) ನೀರಿನ ಅಂಚಿಗೆ ಬನ್ನಿ. ಅಲ್ಲಿರುವ ಮರದ ಗಿರಣಿಯ ಹೆಸರು ಡೆ ಪುಟ್.

ಇದು 1987ರಲ್ಲಿ ಕಟ್ಟಿದ ಪ್ರತಿಕೃತಿ. ಆದರೂ ಇಲ್ಲಿ ನಿಲ್ಲಲೇಬೇಕು, ಏಕೆಂದರೆ ಮೂಲ ಗಿರಣಿ 1619ರದು, ಆಗ ರೆಂಬ್ರಾಂಟನಿಗೆ ಹದಿಮೂರು. ಈ ಬಗೆಯ ಗಿರಣಿಯ ಇಡೀ ಮೈ ಒಂದೇ ದಪ್ಪ ಕಂಬದ ಮೇಲೆ ಕೂತಿರುತ್ತದೆ. ಗಾಳಿ ದಿಕ್ಕು ಬದಲಿಸಿದರೆ ಹಿಂದಿನ ಉದ್ದನೆಯ ಬಾಲದ ತೊಲೆಯನ್ನು ತಳ್ಳಿ, ಮನೆಯಂಥ ಆ ಡಬ್ಬವನ್ನೇ ಗಾಳಿಯ ಕಡೆಗೆ ತಿರುಗಿಸಬೇಕು. ಹಿಂದೆ ಹೋಗಿ ಆ ತೊಲೆಯನ್ನು ನೋಡಿ. ಗಿರಣಿಯವನ ಮಗ ಎಂದರೆ ಏನೆಂದು ಯಾವ ಫಲಕಕ್ಕಿಂತ ಚೆನ್ನಾಗಿ ಅದು ಹೇಳುತ್ತದೆ.

ಅಪ್ಪ ಹಾರ್ಮನ್ ಬೀಸುತ್ತಿದ್ದುದು ಮಾಲ್ಟ್. ಮೊಳಕೆ ಕಟ್ಟಿಸಿದ ರಾಗಿಯನ್ನು ಒಣಗಿಸಿ ಹಿಟ್ಟು ಮಾಡುವುದು ನಮಗೆ ಗೊತ್ತು. ಇಲ್ಲಿ ರಾಗಿಯ ಬದಲು ಬಾರ್ಲಿ, ಮಗುವಿನ ಗಂಜಿಯ ಬದಲು ಬಿಯರ್. ಬಟ್ಟೆ ಒಗೆದ, ಬಣ್ಣ ಅದ್ದಿದ ಕಾಲುವೆಯ ನೀರನ್ನು ಕುಡಿಯಲಾಗದ ಊರಿನಲ್ಲಿ ಬಿಯರೇ ದಿನನಿತ್ಯದ ಪಾನೀಯ. ಹಾಗಾಗಿ ಗಿರಣಿಯ ಮನೆ ಉಂಡುಟ್ಟು ಸುಖವಾಗಿತ್ತು. ಗಿರಣಿ ಇದ್ದದ್ದು ರೈನ್ ನದಿಯ ದಂಡೆಯಲ್ಲಿ, ಡಚ್ಚರ ಬಾಯಲ್ಲಿ ಆ ನದಿ ‘ರೇನ್’. ಮನೆತನಕ್ಕೆ ‘ಫಾನ್ ರೇನ್’ ಎಂಬ ಹೆಸರು ಬಂದದ್ದು ಹಾಗೆ.

ಗಿರಣಿಯ ಕತ್ತಲಲ್ಲಿ ಕಿಟಕಿಯಿಂದ ಬೀಳುವ ಬೆಳಕಿನ ಕೋಲು ನೋಡಿ ನೋಡಿ ಅವನಿಗೆ ನೆರಳು–ಬೆಳಕಿನ ಮರ್ಮ ತಿಳಿಯಿತು ಎಂಬ ಕಥೆಯನ್ನು ಇಲ್ಲಿ ಯಾರಾದರೂ ಹೇಳಿಯೇ ಹೇಳುತ್ತಾರೆ. ಕೇಳಲು ಹಿತವಾಗಿದೆ, ನಾನಂತೂ ಹೇಳುವುದಿಲ್ಲ. ಇಟಲಿಯ ಚಿತ್ರಕಾರ ಕಾರವಾಜಿಯೊ ಹಚ್ಚಿದ ಆ ದೀಪ ಅಲ್ಲಿಗೆ ಹೋಗಿಬಂದ ಉಟ್ರೆಕ್ಟಿನ ಕಲಾವಿದರ ಕೈಯಲ್ಲಿ ಆಗಲೇ ಹಾಲೆಂಡಿಗೆ ಬಂದಿತ್ತು. ಬೆಳಕು ಬೀಳುವ ಗಿರಣಿಗಳು ದೇಶದ ತುಂಬ ಇದ್ದವು, ಗಿರಣಿಯವರ ಮಕ್ಕಳೂ ಇದ್ದರು.

ಹೆಜ್ಜೆ 2: ವೆಡ್ಡೆಸ್ಟೇಗ್, ಇಲ್ಲದ ಮನೆಯ ಮುಂದೆ

ಗಿರಣಿಯ ಪಕ್ಕದ ಬಿಳಿಯ ಎತ್ತುಸೇತುವೆ ದಾಟಿದರೆ ವೆಡ್ಡೆಸ್ಟೇಗ್ ಗಲ್ಲಿ. ಗೋಡೆಯಲ್ಲಿ ಒಂದು ಕಲ್ಲಿನ ಫಲಕವಿದೆ, ಇಲ್ಲಿ ಹುಟ್ಟಿದ ಎಂದು. ಅದರ ಹಿಂದಿರುವುದು ಯಾವ ಕಾಲದಲ್ಲೂ ಅವನದಲ್ಲದ ಕಟ್ಟಡ. ಎದುರಿನ ಪುಟ್ಟ ಚೌಕದಲ್ಲಿ, ದೊಡ್ಡವನಾದ ತನ್ನದೇ ಚಿತ್ರವನ್ನು ಪುಟ್ಟ ಹುಡುಗನೊಬ್ಬ ನಿಂತು ನೋಡುತ್ತಿರುವ ಶಿಲ್ಪವಿದೆ.

ಜನ ಇಲ್ಲಿ ಎರಡು ನಿಮಿಷಕ್ಕಿಂತ ಹೆಚ್ಚು ನಿಲ್ಲುವುದಿಲ್ಲ. ನೀವು ಹತ್ತು ನಿಮಿಷ ನಿಲ್ಲಿ. ಜೇಬಿನ ಎಚಿಂಗ್ ತೆಗೆಯಿರಿ, ಕೈಯಿಂದ ಕೈಗೆ ದಾಟಿಸಿ. ಮೊದಲು ಎಲ್ಲರೂ ನಗುತ್ತಾರೆ, ಇಷ್ಟೇನಾ ಎಂದು. ಆಮೇಲೆ ಕಣ್ಣಿನ ಹತ್ತಿರ ಹಿಡಿಯುತ್ತಾರೆ. ಕೆನ್ನೆಯ ನೆರಳಿನಲ್ಲಿ ಗೆರೆಗಳು ಒಂದರ ಮೇಲೊಂದು ಹಾಯ್ದಿರುವುದು, ಟೋಪಿಯ ಕೆಳಗಿನ ಕೂದಲು ಸುಮ್ಮನೆ ಗೀಚಿದಂತಿರುವುದು, ಕಣ್ಣಿನ ಸುತ್ತ ಮಾತ್ರ ಗೆರೆ ಎಚ್ಚರವಾಗಿರುವುದು ಆಗ ಕಾಣುತ್ತದೆ. ಇದನ್ನು ಗೀಚುವಾಗ ಅವನಿಗೆ ಇಪ್ಪತ್ನಾಲ್ಕರ ಆಸುಪಾಸು, ಅಪ್ಪ ತೀರಿಕೊಂಡದ್ದೂ ಅದೇ ವರ್ಷ. ಮನೆ ಹೋದರೂ ಮುಖ ಉಳಿದಿದೆ, ನೀವು ಅದನ್ನು ಅದರ ಊರಿಗೆ ತಂದಿದ್ದೀರಿ.

ಅವನು ಈ ಮನೆಯ ಒಂಬತ್ತನೆಯ ಮಗು. ಅಮ್ಮ ನೇಲ್ಟ್‌ಗೆನ್ ಬೇಕರಿಯವರ ಮಗಳು. ಹಿರಿಯಣ್ಣಂದಿರು ಗಿರಣಿ ಕೆಲಸ ನೋಡಿಕೊಳ್ಳಲಿ, ಇವನಾದರೂ ಓದಲಿ ಎಂಬ ಲೆಕ್ಕಾಚಾರ. ನಮ್ಮ ಊರುಗಳಲ್ಲಿಯೂ ಜಮೀನು ಅಣ್ಣನಿಗೆ, ಕಾಲೇಜು ತಮ್ಮನಿಗೆ ಎಂದು ಮಾಡುತ್ತಿದ್ದರಲ್ಲ, ಹಾಗೆ.

ಹೆಜ್ಜೆ 3: ಗಾಲ್ಗೆವಾಟರ್ ದಂಡೆ

ನೀರಿನ ದಂಡೆಯಲ್ಲೇ ಪೂರ್ವಕ್ಕೆ ನಡೆಯಿರಿ. ಮೆಟ್ಟಿಲು ಮೆಟ್ಟಿಲಾಗಿ ಏರುವ ಮುಂಗೋಡೆಯ ಕಟ್ಟಡ ಊರಿನ ಬಡಗಿಗಳ ಅಂಗಳವಾಗಿತ್ತು, 1612ರದು. ಹುಡುಗನಿಗೆ ಆರು ವರ್ಷವಿದ್ದಾಗ ಮನೆಯ ಹತ್ತಿರವೇ ಎದ್ದ ಹೊಸ ಕಟ್ಟಡ. ಖಂಡಿತ ನೋಡಿದ್ದಾನೆ.

ಗಾಲ್ಗೆವಾಟರ್ ಎಂದರೆ ನೇಣುಗಂಬದ ನೀರು. ಗಲ್ಲಿಗೇರಿಸಿದವರ ಹೆಣಗಳನ್ನು ನೋಡುವವರಿಗೆ ಪಾಠವಾಗಲಿ ಎಂದು ತೂಗುಬಿಡುತ್ತಿದ್ದ ಬಯಲು ಇಲ್ಲೇ ಊರಗೋಡೆಯಾಚೆ ಇತ್ತು. 1664ರಲ್ಲಿ, ಐವತ್ತೇಳರ ರೆಂಬ್ರಾಂಟ್ ಆಮ್‌ಸ್ಟರ್‌ಡ್ಯಾಮಿನಲ್ಲಿ ಎಲ್ಸ್ಯೆ ಕ್ರಿಸ್ಟಿಯಾನ್ಸ್ ಎಂಬ ಹುಡುಗಿಯ ಹೆಣವನ್ನು ಕಂಬಕ್ಕೆ ಕಟ್ಟಿದ್ದಲ್ಲಿಗೆ ಹೋಗಿ ಎರಡು ಸಲ ಬರೆದ, ಎದುರಿನಿಂದ ಒಮ್ಮೆ, ಪಕ್ಕದಿಂದ ಒಮ್ಮೆ. ಆ ಚಿತ್ರಗಳಲ್ಲಿ ಬೆಚ್ಚಿಬೀಳುವುದೂ ಇಲ್ಲ, ಮುಖ ತಿರುಗಿಸುವುದೂ ಇಲ್ಲ. ಈ ದಂಡೆಯಲ್ಲಿ ಆ ವಿಷಯ ಹೇಳಿ ಸುಮ್ಮನಾಗುವುದು ನನ್ನ ರೂಢಿ. ಗುಂಪಿನಲ್ಲಿ ಮಕ್ಕಳಿದ್ದರೆ ಎದುರಿನ ಹಳೆಯ ದೋಣಿಗಳನ್ನು ತೋರಿಸಿ ಮುಂದೆ ಹೋಗಿ.

ಹೆಜ್ಜೆ 4: ರಾಪೆನ್‌ಬುರ್ಗ್ ಮತ್ತು ಹದಿನಾಲ್ಕರ ವಿದ್ಯಾರ್ಥಿ

ನೀರು ಕವಲೊಡೆಯುವಲ್ಲಿ ಬಲಕ್ಕೆ ತಿರುಗಿದರೆ ರಾಪೆನ್‌ಬುರ್ಗ್ ಕಾಲುವೆ. ಎರಡೂ ಬದಿಯ ಶ್ರೀಮಂತ ಮನೆಗಳ ಮುಂಗೋಡೆಗಳಲ್ಲಿ ಹೆಚ್ಚಿನವು ಅವನ ಕಾಲದ ನಂತರದವು, ನಿಲ್ಲದೆ ನಡೆಯಿರಿ. ಸುಮಾರು ಹತ್ತು ನಿಮಿಷಕ್ಕೆ 73ನೇ ಸಂಖ್ಯೆಯ ಅಕಾಡೆಮಿ ಕಟ್ಟಡ ಸಿಗುತ್ತದೆ. ಇದು ಸನ್ಯಾಸಿನಿಯರ ಮಠದ ಪ್ರಾರ್ಥನಾ ಮಂದಿರವಾಗಿತ್ತು, 1581ರಿಂದ ವಿಶ್ವವಿದ್ಯಾಲಯದ್ದು.

1620ರ ಮೇ 20ರ ದಾಖಲಾತಿ ಪುಸ್ತಕದಲ್ಲಿ ಲೈಡನ್ನಿನ ಹಾರ್ಮನ್ನನ ಮಗ ರೆಂಬ್ರಾಂಟ್, ವಯಸ್ಸು ಹದಿನಾಲ್ಕು, ತಂದೆತಾಯಿಯರ ಮನೆಯಲ್ಲೇ ವಾಸ ಎಂದು ಲ್ಯಾಟಿನ್ನಿನಲ್ಲಿ ಬರೆದಿದ್ದಾರೆ. ಲೆಕ್ಕ ಹಾಕಿ ನೋಡಿ, ಹದಿನಾಲ್ಕು ತುಂಬಲು ಇನ್ನೂ ಎರಡು ತಿಂಗಳಿತ್ತು. ವಿದ್ಯಾರ್ಥಿಗಳಿಗೆ ಬಿಯರ್ ಮತ್ತು ವೈನಿನ ಮೇಲಿನ ಸುಂಕದಲ್ಲಿ ರಿಯಾಯಿತಿ ಇತ್ತು, ಊರಕಾವಲಿನ ಕೆಲಸದಿಂದಲೂ ವಿನಾಯಿತಿ. ಓದಿನ ಆಸೆಗಿಂತ ಇದೇ ಕಾರಣವಿದ್ದಿರಬಹುದೆಂದು ನನ್ನ ಗುಮಾನಿ. ಊರಿನ ಇತಿಹಾಸ ಬರೆದ ಯಾನ್ ಓರ್ಲರ್ಸ್ 1641ರಲ್ಲಿ ಹೇಳುವಂತೆ ಹುಡುಗನಿಗೆ ಓದು ಹತ್ತಲಿಲ್ಲ, ಚಿತ್ರ ಬರೆಯುವುದರಲ್ಲೇ ಮನಸ್ಸು. ಮನೆಯವರು ಬೇರೆ ದಾರಿ ಕಾಣದೆ ಬಿಡಿಸಿ ಚಿತ್ರಕಾರನ ಬಳಿ ಸೇರಿಸಿದರು.

ಹಿಂದೆಯೇ ಸಸ್ಯೋದ್ಯಾನವಿದೆ, 1590ರಲ್ಲಿ ಆರಂಭವಾದದ್ದು. ಹೂವಿನ ಕಾಲವಾದರೆ ಒಳಗೆ ಹೋಗಿ, ಇಲ್ಲದಿದ್ದರೆ ಕಾಲುಳಿಸಿಕೊಳ್ಳಿ.

ಹೆಜ್ಜೆ 5: ಚರ್ಚು, ಶಾಲೆ, ವಧಾಸ್ಥಾನ

ಅಕಾಡೆಮಿಯ ಎದುರಿನ ಸೇತುವೆ ದಾಟಿ ಕ್ಲೋಕ್‌ಸ್ಟೇಗ್ ಗಲ್ಲಿಯಲ್ಲಿ ನಡೆದರೆ ಪೀಟರ್ಸ್‌ಕೆರ್ಕ್ ಎದುರಾಗುತ್ತದೆ. ಇಷ್ಟು ದೊಡ್ಡ ಚರ್ಚಿಗೆ ಗೋಪುರವಿಲ್ಲ, 1512ರಲ್ಲಿ ಕುಸಿದದ್ದನ್ನು ಮತ್ತೆ ಕಟ್ಟಲೇ ಇಲ್ಲ. ಅಪ್ಪ ಅಮ್ಮ ಮದುವೆಯಾದದ್ದು ಇಲ್ಲಿ, ಇಬ್ಬರನ್ನೂ ಹೂಳಿದ್ದೂ ಇಲ್ಲಿ. ಒಳಗೆ ನೆಲವೆಲ್ಲ ಗೋರಿಯ ಚಪ್ಪಡಿಗಳು, ನಡೆದು ನಡೆದು ಅಕ್ಷರ ಸವೆದಿವೆ. ಸಮಾರಂಭಗಳಿಗೆ ಬಾಡಿಗೆ ಕೊಡುವುದರಿಂದ ಕೆಲವು ದಿನ ಬಾಗಿಲು ತೆರೆಯುವುದಿಲ್ಲ, ಮೊದಲೇ ನೋಡಿಕೊಂಡು ಬನ್ನಿ.

ಚರ್ಚಿನ ಬದಿಯಿಂದ ಲೊಕ್‌ಹೊರ್ಸ್ಟ್ ಬೀದಿಗೆ ಬಂದರೆ ಲ್ಯಾಟಿನ್ ಶಾಲೆ. 1600ರ ಆಸುಪಾಸಿನ ಮೆಟ್ಟಿಲು ಮುಂಗೋಡೆ ಇನ್ನೂ ನಿಂತಿದೆ. ಇಡೀ ನಡಿಗೆಯಲ್ಲಿ ನನಗೆ ಅತ್ಯಂತ ಇಷ್ಟವಾದ ಜಾಗ ಇದು, ಏಕೆಂದರೆ ಇಲ್ಲಿ ಯಾವ ‘ಆದರೆ’ಯೂ ಇಲ್ಲ. ಇದೇ ಗೋಡೆ, ಇದೇ ಊರು, ಅದೇ ಹುಡುಗ. ಬೈಬಲ್ಲಿನ ಕಥೆಗಳು, ರೋಮನ್ ಪುರಾಣಗಳು ಅವನ ಚಿತ್ರಗಳಲ್ಲಿ ಜೀವಮಾನವಿಡೀ ಬರುತ್ತವಲ್ಲ, ಅವುಗಳ ಮೊದಲ ಪಾಠ ಇಲ್ಲಿ.

ಈಗ ಶಾಲೆಗೆ ಬೆನ್ನು ಹಾಕಿ ನಿಲ್ಲಿ. ಪಕ್ಕದ ಚೌಕದ ಹೆಸರು ಗೆರೆಕ್ಟ್, ಅಂದರೆ ನ್ಯಾಯ. ಅದಕ್ಕೆ ಹೊಂದಿಕೊಂಡ ಕಲ್ಲಿನ ಕಟ್ಟಡ ಗ್ರಾವೆನ್‌ಸ್ಟೇನ್, ಊರಿನ ಸೆರೆಮನೆ. ಶಿಕ್ಷೆ ಜಾರಿಯಾಗುತ್ತಿದ್ದುದು ಈ ಚೌಕದಲ್ಲಿ, ಎಲ್ಲರ ಕಣ್ಣೆದುರು. ಶಾಲೆಯ ಗಂಟೆ ಮತ್ತು ಸೆರೆಮನೆಯ ಬಾಗಿಲು ಒಂದೇ ಅಂಗಳದಲ್ಲಿದ್ದ ಕಾಲ. ಗಾಲ್ಗೆವಾಟರಿನಲ್ಲಿ ಹೇಳಿದ್ದು ಈಗ ಇನ್ನೊಂದು ಸುತ್ತು ಬಿಗಿಯಾಗುತ್ತದೆ.

ಹೆಜ್ಜೆ 6: ಲಾಂಗೆಬ್ರುಗ್ 89, ಗುರುಮನೆ

ಎರಡು ಗಲ್ಲಿ ದಾಟಿದರೆ ಲಾಂಗೆಬ್ರುಗ್. ಹೆಸರಿನ ಅರ್ಥ ಉದ್ದ ಸೇತುವೆ. ಕಾಲುವೆಯೊಂದರ ಮೇಲೆ ಕಮಾನು ಹಾಕಿ ಮುಚ್ಚಿ ಮಾಡಿದ ಬೀದಿ. 89ನೇ ಸಂಖ್ಯೆಯ ಮನೆ ಯಾಕೋಬ್ ಫಾನ್ ಸ್ವಾನೆನ್‌ಬುರ್ಗ್ ಅವರದು. ರೆಂಬ್ರಾಂಟ್ ಸುಮಾರು ಮೂರು ವರ್ಷ ಇವರ ಬಳಿ ಕಲಿತ. ಇಟಲಿಯಲ್ಲಿ ವರ್ಷಗಟ್ಟಲೆ ಇದ್ದು, ನೇಪಲ್ಸಿನ ಹೆಂಡತಿಯೊಂದಿಗೆ ಮರಳಿದ್ದ ಈ ಗುರುವಿನ ಹೆಸರುವಾಸಿ ವಿಷಯ ನರಕ. ಬೆಂಕಿ, ಹೊಗೆ, ಬಾಯ್ತೆರೆದ ರಾಕ್ಷಸ. ಶಿಷ್ಯ ನರಕದ ಹಾದಿ ಹಿಡಿಯಲಿಲ್ಲ, ಕತ್ತಲಲ್ಲಿ ಉರಿಯುವ ಬೆಳಕು ಕಣ್ಣಿಗೆ ಬಿದ್ದಿರಬಹುದು.

ಈಗ ಇಲ್ಲಿ ಯಂಗ್ ರೆಂಬ್ರಾಂಟ್ ಸ್ಟುಡಿಯೊ ಇದೆ. ಕೋಣೆಯ ಗೋಡೆಗಳ ಮೇಲೆ ಅವನ ಲೈಡನ್ ವರ್ಷಗಳ ಕಥೆಯನ್ನು ಬೆಳಕಿನಲ್ಲಿ ಮೂಡಿಸಿ ತೋರಿಸುತ್ತಾರೆ. ಕೆಲವೇ ನಿಮಿಷ, ಉಚಿತ. ಮಕ್ಕಳಿಗೂ ಕಾಲು ನೊಂದವರಿಗೂ ಹೇಳಿ ಮಾಡಿಸಿದ್ದು.

ಮುಂದಿನದನ್ನು ಬಾಗಿಲ ಹೊರಗೆ ನಿಂತು ಹೇಳಿ ಮುಗಿಸಿ. ಇಲ್ಲಿಂದ ಆಮ್‌ಸ್ಟರ್‌ಡ್ಯಾಮಿನ ಚಿತ್ರಕಾರ ಪೀಟರ್ ಲಾಸ್ಟ್‌ಮನ್ ಬಳಿ ಆರು ತಿಂಗಳು, ಆಮೇಲೆ ಊರಿಗೆ ಬಂದು ಸ್ವಂತ ಕೆಲಸ. ಜೊತೆಗೆ ಒಂದು ವರ್ಷಕ್ಕೆ ಕಿರಿಯ ಗೆಳೆಯ ಯಾನ್ ಲೀಫನ್ಸ್. 1628ರಲ್ಲಿ ಹದಿನಾಲ್ಕರ ಗೆರಿಟ್ ಡೌ ಶಿಷ್ಯನಾಗಿ ಬಂದಾಗ ಗುರುವಿಗೇ ಇಪ್ಪತ್ತೊಂದು. ರಾಜಮನೆತನದ ಕಾರ್ಯದರ್ಶಿ ಕಾನ್‌ಸ್ಟಾಂಟೈನ್ ಹೌಖನ್ಸ್ ಈ ಇಬ್ಬರು ಗೆಳೆಯರನ್ನು ಕಂಡು, ಒಬ್ಬ ಗಿರಣಿಯವನ ಮಗ, ಇನ್ನೊಬ್ಬ ಕಸೂತಿಯವನ ಮಗ ಎಂದು ಬೆರಗಿನಿಂದ ಬರೆದಿಟ್ಟ. ಇಟಲಿಗೆ ಹೋಗಿ ಕಲಿಯಿರಿ ಎಂದದ್ದಕ್ಕೆ ಇವರು ಪುರಸೊತ್ತಿಲ್ಲ ಎಂದರಂತೆ. ಅದನ್ನೂ ಬರೆದಿದ್ದಾನೆ, ತುಸು ಸಿಟ್ಟಿನಿಂದ.

ಹೆಜ್ಜೆ 7: ಪುರಭವನ ಮತ್ತು ಜೀರಿಗೆಯ ಚೀಸ್

ಪಕ್ಕದ ಬ್ರೇಸ್ಟ್ರಾಟ್ ಬೀದಿಯ ಪುರಭವನದ ಉದ್ದನೆಯ ಮುಂಗೋಡೆ 1597ರದು, ಅವನು ನೋಡಿದ್ದು. ಅದರ ಹಿಂದಿನ ಕಟ್ಟಡ 1929ರ ಬೆಂಕಿಯಲ್ಲಿ ಹೋಯಿತು. ಅವನ ಕಾಲದಲ್ಲಿ ಒಳಗೆ ಇದೇ ಊರಿನ ಹಿಂದಿನ ಮಹಾಕಲಾವಿದ ಲೂಕಾಸ್ ಫಾನ್ ಲೈಡನ್ ಬರೆದ ‘ಅಂತಿಮ ತೀರ್ಪು’ ಇತ್ತು. ಚಕ್ರವರ್ತಿ ಎರಡನೇ ರುಡಾಲ್ಫ್ ಕೊಳ್ಳಲು ಬಂದರೂ ಊರಿನವರು ಕೊಡಲಿಲ್ಲ. ಅದನ್ನು ಮ್ಯೂಸಿಯಂನಲ್ಲಿ ನೋಡುತ್ತೀರಿ.

ಪುರಭವನದ ಹಿಂದೆ ಕೋರ್ನ್‌ಬ್ರುಗ್ ಸೇತುವೆ, ಸಂತೆ. (ಸೇತುವೆಯ ಚಂದದ ಮಾಡು 19ನೇ ಶತಮಾನದ್ದು.) ಇಲ್ಲಿ ಕೊಳ್ಳಬೇಕಾದದ್ದು ಲೈಡನ್ ಚೀಸ್, ಜೀರಿಗೆ ಹಾಕಿದ್ದು. ಬಾಯಿಗಿಟ್ಟ ಕೂಡಲೇ ಮಾವ, ‘ಇದೇನು, ಮಜ್ಜಿಗೆಗೆ ಒಗ್ಗರಣೆ ಕೊಟ್ಟ ಹಾಗಿದೆ’ ಎಂದರು. ಅದಕ್ಕಿಂತ ಸರಿಯಾದ ವರ್ಣನೆ ನನಗೆ ಸಿಕ್ಕಿಲ್ಲ. ಸಾಂಪ್ರದಾಯಿಕ ಚೀಸ್ ಹೆಪ್ಪುಗಟ್ಟಿಸಲು ಕರುವಿನ ಜಠರದಿಂದ ತೆಗೆದ ರೆನೆಟ್ ಬಳಸುತ್ತಾರೆ, ಕಟ್ಟಾ ಸಸ್ಯಾಹಾರಿಗಳು ಕೇಳಿಕೊಂಡು ಕೊಳ್ಳಲಿ. ಅಂಗಡಿಯವರು ಬೇಸರಿಸಿಕೊಳ್ಳುವುದಿಲ್ಲ.

ಹೊಟ್ಟೆ ತುಂಬಿದ ಮೇಲೆ ಸೇತುವೆಯಾಚೆಯ ಬುರ್ಕ್ಟ್ ದಿಬ್ಬ ಹತ್ತಿ. ಮನುಷ್ಯರು ಮಣ್ಣು ಹೊತ್ತು ಎಬ್ಬಿಸಿದ ಗುಡ್ಡದ ಮೇಲೆ ದುಂಡನೆಯ ಹಳೆಯ ಕೋಟೆ, ಪ್ರವೇಶ ಉಚಿತ. ಮೇಲಿನಿಂದ ನೋಡಿದರೆ ಊರು ಎಷ್ಟು ಚಿಕ್ಕದೆಂದು ತಿಳಿಯುತ್ತದೆ. ಉಣ್ಣೆಬಟ್ಟೆಯ ಕೆಲಸ ಅರಸಿ ಫ್ಲಾಂಡರ್ಸಿನಿಂದ ಬಂದ ನಿರಾಶ್ರಿತರೂ ಸೇರಿ 1622ರಲ್ಲಿ ಇಷ್ಟು ಜಾಗದಲ್ಲಿ ಸುಮಾರು 45,000 ಜನ ಕಿಕ್ಕಿರಿದಿದ್ದರು. ಅವನಿಗೆ ಮುಖಗಳ ಬರವಿರಲಿಲ್ಲ.

ಹೆಜ್ಜೆ 8: ಲಾಕೆನ್‌ಹಾಲ್, ಕನ್ನಡಕದ ಚಿತ್ರದ ಮುಂದೆ

ಔಡೆ ಸಿಂಗಲ್ ಕಾಲುವೆಯ ಮೇಲಿನ ಲಾಕೆನ್‌ಹಾಲ್ ಬಟ್ಟೆಗೆ ಗುಣಮಟ್ಟದ ಮುದ್ರೆ ಹಾಕುತ್ತಿದ್ದ ಮಂಡಿ. 1640ರ ಕಟ್ಟಡ, ಅವನು ಊರು ಬಿಟ್ಟ ಮೇಲಿನದು. ಇದ್ದರೂ ಇರಲಿ, ಒಳಗಿರುವುದು ಅವನದು. ಮೊದಲು ಲೂಕಾಸನ ‘ಅಂತಿಮ ತೀರ್ಪು’ ನೋಡಿ. ನಂತರ ‘ಕನ್ನಡಕ ಮಾರುವವನು’ ಹುಡುಕಿ. ಹುಡುಕಿ ಎಂದದ್ದು ಬೇಕೆಂದೇ. ಅದು 21 ಸೆಂಟಿಮೀಟರ್ ಎತ್ತರದ ಹಲಗೆ, ಸುಲಭವಾಗಿ ದಾಟಿಹೋಗುತ್ತೀರಿ.

1624ರ ಆಸುಪಾಸಿನದು, ಹದಿನೆಂಟರ ಹುಡುಗನ ಕೈಕೆಲಸ. ಬಣ್ಣಗಳು ಗಡುಸು, ಮೂರೂ ಜನ ಚೌಕಟ್ಟಿನಲ್ಲಿ ಇರುಕಿಕೊಂಡಿದ್ದಾರೆ. ಚೆನ್ನಾಗಿದೆ ಎಂದು ನಾನು ಒತ್ತಾಯಿಸುವುದಿಲ್ಲ. ಪಂಚೇಂದ್ರಿಯಗಳನ್ನು ಕುರಿತ ಐದು ಚಿತ್ರಗಳಲ್ಲಿ ಇದು ನೋಟ. ವಾಸನೆಯದು ಕಳೆದೇಹೋಗಿತ್ತು, 2015ರಲ್ಲಿ ಅಮೆರಿಕದ ನ್ಯೂಜೆರ್ಸಿಯ ಹರಾಜೊಂದರಲ್ಲಿ ಕೆಲವು ನೂರು ಡಾಲರಿನ ಅಂದಾಜು ಬೆಲೆಗೆ ಇಟ್ಟಿದ್ದ ಹಲಗೆಯನ್ನು ಯಾರೋ ಗುರುತು ಹಿಡಿದು ಎಂಟು ಲಕ್ಷ ಡಾಲರ್ ದಾಟಿಸಿದರು. ರುಚಿಯದು ಇನ್ನೂ ಸಿಕ್ಕಿಲ್ಲ. ಅಜ್ಜಿಯ ಅಟ್ಟದಲ್ಲಿ ಎಲ್ಲೋ ಇದ್ದೀತು.

ಚಿತ್ರದಲ್ಲಿ ಬೀದಿ ವ್ಯಾಪಾರಿ ಮುದುಕನಿಗೆ ಕನ್ನಡಕ ಮಾರುತ್ತಿದ್ದಾನೆ, ಮುದುಕಿ ನೋಡುತ್ತಿದ್ದಾಳೆ. ಡಚ್ ಭಾಷೆಯಲ್ಲಿ ಒಬ್ಬನಿಗೆ ಕನ್ನಡಕ ಮಾರುವುದೆಂದರೆ ಮೋಸ ಮಾಡುವುದು, ನಾವು ಟೋಪಿ ಹಾಕುವುದು ಎನ್ನುತ್ತೇವಲ್ಲ, ಅದು. ಇದನ್ನು ವಿವರಿಸಿದಾಗ ಮಾವ ಹಲಗೆಯ ಹತ್ತಿರ ಬಾಗಿ, ವ್ಯಾಪಾರಿಯ ತಲೆಯ ಮೇಲಿನ ಬಣ್ಣದ ರುಮಾಲನ್ನು ಬಹಳ ಹೊತ್ತು ನೋಡಿದರು. ಆಮೇಲೆ ನನ್ನತ್ತ ತಿರುಗಿ, ‘ಬೆಳಿಗ್ಗೆ ಆ ಊರಬಾಗಿಲ ಹತ್ತಿರ ನೀನೂ ನನಗೆ ಇಂಥದ್ದೇ ಒಂದು ಮಾರಿದೆಯಲ್ಲ’ ಎಂದರು.